ಕಟ್ ಅನ್ನೋದು ಮರೆತಾಗ

ತೂಬಗೆರೆ ಹತ್ತಿರದ ಮನೆಯೊಂದರಲ್ಲಿ ಹಳೇ ನಟರೊಬ್ಬರ ಸಂದರ್ಶನ ಮಾಡ್ತಿದ್ದೆ. ಕಪ್ಪು-ಬಿಳುಪಿನ ಸಿನಿಮಾದಿಂದ ಟೀವಿ ಧಾರಾವಾಹಿವರೆಗೆ ಅವರಿಗೆ ಸಿಕ್ಕಿದ್ದೆಲ್ಲ ಸಾಯೋ ಪಾತ್ರಗಳೇ.

"ಒಂದ್ಸಲ ಮಾಡಿ ತೋರಿಸ್ತೀರಾ ಸಾರ್?" ಅಂದೆ.

ಎದೆ ಹಿಡ್ಕೊಂಡು ಮಂಚದ ಮೇಲೆ ಒರಗಿದ್ರು. ಅದ್ಭುತವಾಗಿತ್ತು. ಆದ್ರೆ ಮತ್ತೆ ಏಳಲೇ ಇಲ್ಲ. ಕರೆದೆ, ಅಲ್ಲಾಡಿಸಿದೆ. ಎಂಬತ್ತು ದಾಟಿದ ಜೀವ, ಕೇಳಬಾರದ್ದು ಕೇಳಿ ನಾನೇ ಕೊಂದುಬಿಟ್ನಲ್ಲಪ್ಪಾ ಅಂತ ಕೂಗಿಕೊಂಡೆ.

ಅಡುಗೆಮನೆಯಿಂದ ಅವರ ಸೊಸೆ ಸೌಟು ಹಿಡಿದೇ ಬಂದ್ರು. "ಕಟ್ ಅಂದ್ರಾ?"

"ಇಲ್ಲ..."

"ಅನ್ನಿ ಮತ್ತೆ! ಕಟ್ ಅನ್ನದೆ ನಮ್ಮಾವ ಯಾವತ್ತೂ ಎದ್ದಿಲ್ಲ."

"ಕಟ್" ಅಂದೆ. ಕಣ್ಣು ಬಿಟ್ರು. ಹೋದ ಜೀವ ಬಂದಂಗಾಯ್ತು, ನನಗೆ.

"ಇನ್ನೊಂದು ಟೇಕ್ ಬೇಕೇನಪ್ಪಾ?"

"ಬೇಡ ಸಾರ್, ನಂಗಿರೋದು ಒಂದೇ ಪ್ರಾಣ."