ಮೂರು ಹಾಲು, ಒಂದು ಹೆಪ್ಪು

ಹಾಲಿನ ಪಾಕೀಟಿನ ಹಿಂಬದಿಯ ಸಣ್ಣ ಅಕ್ಷರಗಳನ್ನು ಯಾರಾದರೂ ಓದುತ್ತಾರೆಯೇ? ನಾನು ಓದುತ್ತೇನೆ. ಈ ಚಟ ಅಂಟಿದ್ದು ನನ್ನ ಹೆಂಡತಿ ಸುಮಿತ್ರಾ ಬಚ್ಚಲಲ್ಲಿ ಜಾರಿ ಬಲಗೈ ಮುರಿದುಕೊಂಡ ಮೇಲೆ. ಎಲುಬು ಕೂಡಬೇಕಾದರೆ ಹಾಲು, ಮೊಸರು ಚೆನ್ನಾಗಿ ಹೊಟ್ಟೆಗೆ ಹೋಗಲಿ ಎಂದರು ಡಾಕ್ಟರು. ಹಾಲೆಂದರೆ ಅವಳಿಗೆ ಮೊದಲಿನಿಂದಲೂ ವಾಕರಿಕೆ. ಉಳಿದದ್ದು ಮೊಸರು. ಅದಾದರೂ, ಮದುವೆಯಾದ ಹೊಸದರಲ್ಲಿ ಧಾರವಾಡದ ತವರಿನಿಂದ ಡಬ್ಬಿಯಲ್ಲಿ ತಂದು, ದಿನಾ ಒಂದು ಚಮಚ ಉಳಿಸಿಕೊಂಡು ಬಂದ ಹೆಪ್ಪಿನದೇ ಆಗಬೇಕು. ಬೇರೆ ಮೊಸರು ಮುಟ್ಟುವುದಿಲ್ಲ.

ಹೆಪ್ಪು ಅವಳದು, ಹಾಲನ್ನಾದರೂ ನಾನು ಆರಿಸೋಣವೆಂದು ನಾವಿರುವ ಬಿಬವೇವಾಡಿ ಬಡಾವಣೆಯೆಲ್ಲ ತಿರುಗಿದೆ. ಗಾಜಿನ ಬಾಟಲಿಯಲ್ಲಿ ಬರುವ ಗಿರ್ ತಳಿಯ ಆಕಳ ಹಾಲು, ಗೌಳಿಯ ಜರ್ಸಿ ಹಾಲು, ನಮ್ಮ ದಿನದ ಪಾಕೀಟಿನ ಆಕಳ ಹಾಲು ತಂದೆ. ಓದಿ, ಕೇಳಿ, ತಾಳೆ ಹಾಕಿದರೆ ಜರ್ಸಿಯಲ್ಲಿ ಕೊಬ್ಬು ತುಸು ಹೆಚ್ಚು. ಗಿರ್‌ನ ಹೆಚ್ಚುಗಾರಿಕೆಯೆಲ್ಲ ಪ್ರೋಟೀನಿನ ಕುಲಗೋತ್ರದ್ದು, ಪ್ರಮಾಣದ್ದಲ್ಲ. ಎಲುಬಿಗೆ ಬೇಕಾದ ಸುಣ್ಣದಂಶ ಮೂರರಲ್ಲೂ ಹೆಚ್ಚುಕಡಿಮೆ ಅಷ್ಟೇ. ಆದರೆ ಇಷ್ಟು ಓದಿದವನಿಗೆ ಪ್ರಯೋಗ ಮಾಡದೆ ಸಮಾಧಾನವೆಲ್ಲಿ?

ಮೂರು ಪಾತ್ರೆಗಳಲ್ಲಿ ಮೂರೂ ಹಾಲು ಕಾಯಿಸಿ, ಮನೆಯಲ್ಲಿದ್ದ ಹೆಪ್ಪನ್ನೆಲ್ಲ ಹಂಚಿಬಿಟ್ಟೆ. ಹಾಲು ಆರಿ ಉಗುರುಬೆಚ್ಚಗಾಗುವ ತನಕ ತಡೆಯಬೇಕೆಂದು ಯಾವ ಪಾಕೀಟಿನ ಮೇಲೂ ಬರೆದಿರಲಿಲ್ಲ. ಬೆಳಿಗ್ಗೆ ನೋಡಿದರೆ ಒಂದೂ ಮೊಸರಾಗಿರಲಿಲ್ಲ. ಆ ವಿಷಯದಲ್ಲೂ ಮೂರೂ ಸಮ!

ಸುಮಿತ್ರಾ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. "ನಮ್ಮವ್ವನ ಹೆಪ್ಪರೀ ಅದು," ಎಂದಳು, ಅಷ್ಟೇ. ಅವಳ ಅವ್ವ ತೀರಿ ಬಹಳ ವರ್ಷಗಳಾದವು. ತವರಿನಲ್ಲಿ ಈಗ ಹೆಪ್ಪು ಕೇಳಲು ಯಾರೂ ಇಲ್ಲ. ನನ್ನ ಪಾಂಡಿತ್ಯಕ್ಕಿಷ್ಟು ಬೆಂಕಿ ಬೀಳಲಿ ಅನ್ನಿಸಿತು.

ಮೇಲಿನ ಮನೆಯ ಮರಾಠಿ ಹೆಂಗಸು, ನಾವೆಲ್ಲ ಕಾಕೂ ಎಂದು ಕರೆಯುವವರ ಮುಂದೆ ಹೋಗಿ ನನ್ನ ಹರಕು ಮರಾಠಿಯಲ್ಲಿ ಗೋಳು ಹೇಳಿಕೊಂಡೆ. ಅವರು ಹೊಟ್ಟೆ ತುಂಬ ನಕ್ಕು, ಒಂದು ಬಟ್ಟಲು ಗಟ್ಟಿ ಮೊಸರನ್ನು ಕೈಗಿತ್ತರು. ಎಂದೋ ಸುಮಿತ್ರಾ ಕೊಟ್ಟ ಹೆಪ್ಪೇ ಅವರ ಮನೆಯಲ್ಲಿ ಇಂದಿಗೂ ನಡೆಯುತ್ತಿದೆಯಂತೆ.

ಓಡುತ್ತ ಕೆಳಗೆ ಬಂದೆ. ಸುಮಿತ್ರಾ ಎಡಗೈಯಲ್ಲಿ ಚಮಚ ಹಿಡಿದು ರುಚಿ ನೋಡಿದಳು. ಪರೀಕ್ಷೆಯ ಫಲಿತಾಂಶಕ್ಕೆ ಕಾದವನ ಹಾಗೆ ನಿಂತಿದ್ದೆ.

"ಇದು ಎಮ್ಮಿ ಹಾಲಿಂದ್ರೀ," ಎಂದಳು.

ಮೂರು ಆಕಳ ಪಂಡಿತನ ಲೆಕ್ಕದಲ್ಲಿ ಎಮ್ಮೆಯೇ ಇರಲಿಲ್ಲ! ಅವಳು ತಿನ್ನುತ್ತಲೇ ಹೋದಳು. ಬಟ್ಟಲ ತಳದಲ್ಲಿ ಒಂದು ಚಮಚದಷ್ಟು ಉಳಿಸಿ ನನ್ನ ಕೈಗೆ ಕೊಟ್ಟಳು. ಕಣ್ಣು ಒದ್ದೆಯಾಗಿತ್ತು, ಮುಖ ನಗುತ್ತಿತ್ತು.

"ಹೆಪ್ಪು ಅವ್ವಂದ ಅದ. ಹಾಲು ಆರಿದ ಮ್ಯಾಲೆ ಹಾಕ್ರಿ. ಯಾವ ಆಕಳದ್ದಾದ್ರೂ ನಡೀತದ."