ಅಧ್ಯಕ್ಷೆಯ ಸ್ವಂತ ದನಿ

ಗುಮ್ಮಘಟ್ಟದ ಕಡೆಯ ನಮ್ಮೂರಿನ ಜಲಾನಯನ ಸಮಿತಿಗೆ ಅವರು ಅಧ್ಯಕ್ಷೆ. ಸಭೆಯಲ್ಲಿ ಅವರ ಪರವಾಗಿ ಮಾತಾಡುವ ಕೆಲಸ ಮಾತ್ರ ಗಂಡನದು. ಎಲ್ಲರ ದನಿ ಅಣಕಿಸಿ ನಗಿಸುವ ನನಗೆ ಊರಲ್ಲಿದ್ದ ಒಬ್ಬನೇ ಪೈಪೋಟಿಗಾರ ಆತ.

ಸಭೆಯ ಹೊರಗೆ ಯಾರೇನೇ ಅಂದರೂ ಅಧ್ಯಕ್ಷೆ ಸೆರಗು ಸೊಂಟಕ್ಕೆ ಸಿಕ್ಕಿಸಿ, "ಇನ್ನೊಮ್ಮೆ ಹೇಳ್ರಿ, ಕೇಳೂಣು" ಎನ್ನುತ್ತಿದ್ದರು. ಅಂದವರ ಧೈರ್ಯ ಅಲ್ಲಿಗೇ ಅರ್ಧ ಇಳಿಯುತ್ತಿತ್ತು. ಚಹಾದಂಗಡಿಯಲ್ಲಿ ನಾನು ಅವರನ್ನೇ ಅಣಕಿಸುತ್ತಾ ಸಿಕ್ಕಿಬಿದ್ದಾಗ, "ಇನ್ನೊಮ್ಮೆ ಮಾಡಪ್ಪ" ಎಂದರು. ನನ್ನ ಗಂಟಲಿಂದ ಕೆಮ್ಮು ಮಾತ್ರ ಬಂತು.

ಚೆಕ್ ಡ್ಯಾಂ ಎಲ್ಲಿ ಕಟ್ಟಬೇಕೆಂದು ತೀರ್ಮಾನಿಸಲು ಅಧಿಕಾರಿ ಬಂದ ದಿನ ಗಂಡನೇ ಎದ್ದ. "ನಮ್ಮ ತೋಟದ ಮಗ್ಗಲಿಗೇ ಆಗಲಿ ಅಂತಾಳ್ರಿ ಅಧ್ಯಕ್ಷೆ."

"ಇನ್ನೊಮ್ಮೆ ಹೇಳ್ರಿ. ನಾ ಯಾವಾಗ ಅಂದೆ?" ಅಧ್ಯಕ್ಷೆ ಎದ್ದು ನನ್ನತ್ತ ಕೈ ತೋರಿಸಿದರು. "ನನ್ನ ದನಿ ತೆಗಿಯಾಕ ಈ ಹುಡುಗ ಅದಾನ. ನಿಮಗಿಂತ ಚಲೋ ತೆಗೀತಾನ. ನೀವು ಕುಂದರ್ರಿ. ಸಾರ್, ಡ್ಯಾಂ ಊರ ಬಾವಿ ಮ್ಯಾಲಿನ ಹಳ್ಳಕ್ಕ ಬೇಕು. ಬಾವಿ ತುಂಬಬೇಕು. ದಿನಾ ನೀರು ಹೊರೋರು ಹೆಣ್ಮಕ್ಕಳು."

ಗಂಡ ಹಲ್ಲು ಕಚ್ಚಿದ. "ಮನಿಗೆ ನಡಿ, ಮಾತಾಡೂಣು."

"ಮನೀ ಮಾತು ಮನ್ಯಾಗ ಮಾತಾಡೂಣು. ಇದು ಊರ ನೀರು. ಊರ ಮುಂದ ಮಾತಾಡ್ರಿ."

ಆತ ಕುಳಿತ. ಅಧಿಕಾರಿ ಹಳ್ಳದ ದಾರಿ ಯಾವುದೆಂದು ಕೇಳಿದರು. ಗಂಡನನ್ನಲ್ಲ, ಅಧ್ಯಕ್ಷೆಯನ್ನೇ ಕೇಳಿದರು.