‘ಮರಿ’ ಅಲ್ಲ, ರೋಸಲಿಂಡ್

ಮಸ್ಕತ್ತಿನ ಬೌಷರ್‌ನ ಒಂದು ಫ್ಲ್ಯಾಟಿನ ಅಡುಗೆಮನೆಯಲ್ಲಿ ಬೆಳಿಗ್ಗೆ ಏಳಕ್ಕೆ ಮಲೇಷ್ಯಾದ ರೇಡಿಯೋ ಮಾತಾಡಲು ಶುರು ಮಾಡುತ್ತದೆ. ಅಲ್ಲಿ ಆಗ ಹನ್ನೊಂದು ಗಂಟೆ. ಮೀನು ತೊಳೆಯುತ್ತ ಅದನ್ನು ಕೇಳುವವರು ಶಿರ್ವದ ರೋಸಲಿಂಡ್, ವಯಸ್ಸು ಐವತ್ತಾರು. ಒಂಬತ್ತು ವರ್ಷದಿಂದ ಕೇಳುತ್ತಿದ್ದಾರೆ. ಅವರಿಗೀಗ ಮಲಯ ಭಾಷೆ ಎಷ್ಟು ಚೆನ್ನಾಗಿ ಬರುತ್ತದೆಂದರೆ, ಅದೇ ಅವರಿಗೆ ಮುಳುವಾಗುವುದರಲ್ಲಿತ್ತು.

ಅದಕ್ಕೆ ಮೊದಲು ಒಂದು ಮಾತು. ನಮ್ಮ ಗಲ್ಫಿನ ಕನ್ನಡ ಸಂಘಗಳು ವರ್ಷಕ್ಕೊಂದು ಸ್ಮರಣ ಸಂಚಿಕೆ ತರುತ್ತವೆ. ಅದರಲ್ಲಿ ಮ್ಯಾನೇಜರುಗಳ ಫೋಟೋ ಇರುತ್ತದೆ, ಮ್ಯಾನೇಜರುಗಳ ಮಕ್ಕಳ ಮಾರ್ಕು ಇರುತ್ತದೆ. ಮನೆಗೆಲಸದವರಿಗೆ ಮಾತ್ರ ಹೆಸರೇ ಇರಕೂಡದು ಎಂದು ಯಾರೋ ಕಾನೂನು ಮಾಡಿದ ಹಾಗಿದೆ. ರೋಸಲಿಂಡ್ ಮಸ್ಕತ್ತಿಗೆ ಬಂದು ಮೊದಲು ಸೇರಿದ್ದು ನಮ್ಮವರದೇ ಮನೆ. ಮೊದಲ ದಿನವೇ ಆ ಮನೆಯಾಕೆ, “ಅಷ್ಟುದ್ದದ ಹೆಸರು ಕರೀಲಿಕ್ಕೆ ಯಾರಿಗೆ ಪುರುಸೊತ್ತುಂಟು? ಮೇರಿ ಅಂತೇನೆ” ಎಂದುಬಿಟ್ಟರು. ನಾಲ್ಕು ವರ್ಷ ಮೇರಿ. ಅದೇ ಮನೆಯ ಬೆಕ್ಕಿಗೆ ಐದಕ್ಷರದ ಹೆಸರಿತ್ತು. ಅದನ್ನು ಮಾತ್ರ ಎಲ್ಲರೂ ಪೂರ್ತಿ ಕರೆಯುತ್ತಿದ್ದರು.

ಆಮೇಲೆ ಸಿಕ್ಕಿದ್ದು ನೊರ್ಮಾ ಅವರ ಮನೆ. ನೊರ್ಮಾ ಮಲೇಷ್ಯಾದ ಪೂರ್ವ ತೀರದವರು, ಗಂಡ ಇಲ್ಲಿ ಇಂಜಿನಿಯರ್. ಮೊದಲ ದಿನ ರೋಸಲಿಂಡ್ ಅಡುಗೆಮನೆಯಲ್ಲಿ ಬ್ಯಾಗು ಇಳಿಸುತ್ತಿದ್ದಂತೆ ಹಾಲ್‌ನಿಂದ ಕೂಗು ಬಂತು: “ಮರಿ! ಮರಿ!”

ರೋಸಲಿಂಡ್‌ರ ಮನೆಮಾತು ಕೊಂಕಣಿಯಲ್ಲಿ ಮರಿ ಎಂದರೆ ಮೇರಿ, ದೇವಮಾತೆಯ ಹೆಸರು. ರೋಸಲಿಂಡ್‌ಗೆ ತಲೆ ಕೆಟ್ಟಿತು. ಇಲ್ಲೂ ಶುರುವಾಯಿತಾ? ಕರೆದರು, ಹೋಗಲಿಲ್ಲ. ಮತ್ತೆ ಕರೆದರು, ಹೋಗಲಿಲ್ಲ. ಮೂರನೆಯ ಸಲ ಸೊಂಟಕ್ಕೆ ಕೈಕೊಟ್ಟು ಹಾಲ್‌ನ ನಡುವೆ ನಿಂತು, “ಮೇಡಂ, ನಾನು ಮರಿ ಅಲ್ಲ. ರೋಸಲಿಂಡ್. ಅಷ್ಟು ಕರೀಲಿಕ್ಕೆ ಆಗದಿದ್ರೆ ಈಗ್ಲೇ ಖಲಾಸ್” ಎಂದರು.

ನೊರ್ಮಾ ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ಮಲಯದಲ್ಲಿ ಮರಿ ಎಂದರೆ ‘ಬಾ’. ಅಷ್ಟೇ. ಚಹಾ ಕುಡಿಯಲು ಕರೆದದ್ದು. ಅವತ್ತಿನಿಂದ ಆ ಮನೆಯಲ್ಲಿ ಕರೆಯುವ ಕ್ರಮವೇ ಬದಲಾಯಿತು: “ರೋಸಲಿಂಡ್, ಮರಿ!”

ನೊರ್ಮಾರ ಅಡುಗೆಮನೆಯಲ್ಲಿ ಫೋನಿನಿಂದ ಸದಾ ಕೇಳಿಸುತ್ತಿದ್ದದ್ದು ಅವರ ಊರಿನ ಸರಕಾರಿ ಸ್ಟೇಷನ್, ರೇಡಿಯೋ ಪಂತಾಯ್. ಪಂತಾಯ್ ಎಂದರೆ ಕಡಲತೀರ. ಮೊದಮೊದಲು ರೋಸಲಿಂಡ್‌ಗೆ ತಿಳಿಯುತ್ತಿದ್ದದ್ದು ನಾಲ್ಕೈದು ಪದ. ಅರಬ್ಬಿಯಿಂದ ಬಂದ ಖಬರ್ ಎಂದರೆ ಸುದ್ದಿ, ಕೊಂಕಣಿಯಲ್ಲೂ ಖಬರ್. ನಮ್ಮ ಮೇಜು ಅಲ್ಲಿ ಮೇಜಾ, ಕೊಂಕಣಿಯ ಜನೆಲ್ ಅಲ್ಲಿ ಜೆಂಡೆಲಾ, ಎರಡೂ ಕಿಟಕಿಯೇ. ಮಸ್ಕತ್ ಬಂದರಿನ ಮೇಲೆ ಕೋಟೆ ಕಟ್ಟಿ ಹೋದ ಪೋರ್ಚುಗೀಸರು ಗೋವೆಯಲ್ಲೂ ಮಲಾಕಾದಲ್ಲೂ ಇಂಥ ಪದಗಳನ್ನು ಬಿಟ್ಟುಹೋಗಿದ್ದಾರೆ. ಆ ನಾಲ್ಕು ಪದ ಹಿಡಿದುಕೊಂಡು ರೋಸಲಿಂಡ್ ಉಳಿದ ಭಾಷೆಯನ್ನು ಎಳೆದುಕೊಂಡರು. ಶಾಲೆಯ ಮಲಯ ಅಲ್ಲ, ಆ ತೀರದ್ದೇ ಮಲಯ. ಉಳಿದವರು ಮೀನಿಗೆ ‘ಇಕಾನ್’ ಎಂದರೆ ಆ ತೀರದವರು ‘ಇಕಾಂಗ್’ ಎನ್ನುತ್ತಾರೆ. ರೋಸಲಿಂಡ್ ಕೂಡ ಇಕಾಂಗ್.

ಆ ಸ್ಟೇಷನ್ನಿನ ಚರಿತ್ರೆ ಅವರಿಗೆ ಬಾಯಿಪಾಠ. ಆರಂಭದಲ್ಲಿ ಸರಕಾರಿ ಕಚೇರಿಯೊಂದರ ಮಾಳಿಗೆಯಲ್ಲಿ ಒಂದೇ ಕೋಣೆ, ದಿನಕ್ಕೆ ಮೂರು ಗಂಟೆ ಪ್ರಸಾರ. ಹೊರಗೆ ಕೋಳಿ ಕೂಗಿದರೆ ವಾರ್ತೆಯೊಳಗೂ ಕೋಳಿ. ಮೀನುಗಾರರಿಗೆ ಗಾಳಿಯ ಸುದ್ದಿ, ಮದುವೆಯ ಸುದ್ದಿ, ಸಾವಿನ ಸುದ್ದಿ. ದೊಡ್ಡ ನೆರೆ ಬಂದ ವರ್ಷ ಕೆಳಗಿನ ಮಹಡಿ ಮುಳುಗಿ ಹಳೆಯ ಟೇಪುಗಳೆಲ್ಲ ಹೋದವು. ಉದ್ಘೋಷಕರು ಮಾತ್ರ ಮೇಲೆಯೇ ಕುಳಿತು, ಯಾರು ಯಾವ ಶಿಬಿರದಲ್ಲಿ ಕ್ಷೇಮವಾಗಿದ್ದಾರೆಂದು ಎರಡು ದಿನ ಓದಿದರು. ಬರೀ ಹೆಸರು. ತಂದೆಯ ಹೆಸರು ಸಮೇತ, ಒಂದಕ್ಷರ ಬಿಡದೆ. ನೊರ್ಮಾರ ಅಜ್ಜಿಯ ಹೆಸರೂ ಅದರಲ್ಲಿತ್ತು. ರೋಸಲಿಂಡ್ ಈ ಕತೆಯನ್ನು ನನಗೆ ಹೇಳುವಾಗ ಸೌಟು ಕೆಳಗಿಟ್ಟು ಹೇಳುತ್ತಾರೆ.

ಈ ವರ್ಷ ಸ್ಟೇಷನ್ನಿಗೆ ಅರವತ್ತು. ಟೇಪು ಉಳಿದಿಲ್ಲವಾದ್ದರಿಂದ ಚರಿತ್ರೆಯನ್ನು ಕೇಳುಗರ ಬಾಯಿಂದಲೇ ಕಟ್ಟುತ್ತೇವೆ ಎಂದು ಘೋಷಿಸಿದರು. ಒಂದು ಭಾಗ ವಿದೇಶಿ ಕೇಳುಗರಿಗೆ. ಒಂದು ನಿಮಿಷ ಮಾತಾಡಿ ಕಳಿಸಬೇಕು; ಆಯ್ಕೆಯಾದರೆ ಹೆಸರು, ಊರು, ಕೆಲಸ ಎಲ್ಲ ಓದುತ್ತಾರೆ. ತನ್ನ ಹೆಸರನ್ನು ಆ ರೇಡಿಯೋ ಪೂರ್ತಿ ಓದಬೇಕು ಎಂಬ ಆಸೆ ರೋಸಲಿಂಡ್‌ಗೆ ಹುಟ್ಟಿತು.

ಮಸ್ಕತ್ತಿನದೇ ದಾರ್ಸೈಟ್‌ನಲ್ಲಿರುವ ತಮ್ಮ ಮನೆಯಲ್ಲಿ ಗಂಡ ವಿಕ್ಟರ್ ಅಡ್ಡಬಾಯಿ ಹಾಕಿದರು. ವಿಕ್ಟರ್ ಒಂದು ಆಫೀಸಿನ ಸ್ಟೋರ್‌ಕೀಪರ್, ಒಳ್ಳೆಯ ಮನುಷ್ಯ. ಆದರೆ ಇಗರ್ಜಿಯ ಅಂಗಳದಲ್ಲಿ ಯಾರು ಕೇಳಿದರೂ ಹೆಂಡತಿ “ಮಲೇಷ್ಯಾದವರ ಕಂಪೆನಿಯಲ್ಲಿ” ಎನ್ನುವ ಅಭ್ಯಾಸ.

“ಅಡುಗೆ ಅಂತ ಮಾತ್ರ ಹೇಳ್ಬೇಡ ಮಾರಾಯ್ತಿ. ಕಂಪೆನಿ ಅಂತ ಹೇಳು.”

“ಕಂಪೆನಿಯಲ್ಲಿ ಎಂತ ಮಾಡುದು ಅಂತ ಕೇಳಿದ್ರೆ? ಸಾರು ಮಾಡುದು ಅನ್ಲಾ?”

ರೋಸಲಿಂಡ್ ಇದ್ದದ್ದನ್ನು ಇದ್ದ ಹಾಗೆ ಹೇಳಿ ಕಳಿಸಿದರು. ವಾರದಲ್ಲಿ ಉತ್ತರ ಬಂತು: ‘ಈ ಭಾಗ ವಿದೇಶಿಯರಿಗೆ ಮಾತ್ರ. ತಾವು ನಮ್ಮ ತೀರದವರೇ ಎಂದು ಮಾತಿನಲ್ಲೇ ತಿಳಿಯುತ್ತದೆ. ತಮಾಷೆಗೆ ವಂದನೆ.’

“ಫೇಲಾದದ್ದು ಭಾಷೆ ಬಾರದೆ ಅಲ್ಲ, ಜಾಸ್ತಿ ಬಂದು!” ಎಂದು ವಿಕ್ಟರ್ ಹೊಟ್ಟೆ ಹಿಡಿದು ನಕ್ಕರು. ರೋಸಲಿಂಡ್ ಆ ದಿನ ಊಟ ಮಾಡಲಿಲ್ಲ. ನಗು ನಿಲ್ಲಿಸಿದ ವಿಕ್ಟರ್, ಹೆಂಡತಿಯ ತಟ್ಟೆ ಮುಚ್ಚಿಟ್ಟರು.

ನೊರ್ಮಾ ಸ್ಟೇಷನ್ನಿಗೆ ಫೋನು ಮಾಡಿ ಜಗಳವಾಡಿದರು. ಸರಿ, ಶುಕ್ರವಾರ ನೇರ ಪ್ರಸಾರದಲ್ಲಿ ಮಾತಾಡಲಿ, ನಂಬಿಕೆ ಬಂದರೆ ಸೇರಿಸುತ್ತೇವೆ ಎಂದು ಸ್ಟೇಷನ್ನಿನವರು ಒಪ್ಪಿದರು. ಶುಕ್ರವಾರ ರಜೆ. ವಿಕ್ಟರೇ ಕಾರಿನಲ್ಲಿ ಕರೆತಂದು, ಬೌಷರ್‌ನ ಅಡುಗೆಮನೆಯ ಬಾಗಿಲಿಗೆ ಒರಗಿ ನಿಂತರು. ನೊರ್ಮಾ ಪಕ್ಕದಲ್ಲಿ ನಿಂತು ವಿಕ್ಟರ್‌ಗೆ ಇಂಗ್ಲಿಷಿನಲ್ಲಿ ಅರ್ಥ ಹೇಳತೊಡಗಿದರು.

ಉದ್ಘೋಷಕ ತುಂಟ. “ಚಿಕ್ಕಮ್ಮಾ, ನಿಜವಾಗಿ ನೀವು ಇಂಡಿಯಾದವರಾದರೆ ನಿಮ್ಮ ಭಾಷೆಯಲ್ಲಿ ನಾಲ್ಕು ಮಾತಾಡಿ ನೋಡೋಣ!”

ರೋಸಲಿಂಡ್‌ಗೆ ವಾಕ್ಯವೇ ಹೊಳೆಯಲಿಲ್ಲ. ಸುತ್ತ ನೋಡಿ, ಕಣ್ಣಿಗೆ ಬಿದ್ದದ್ದನ್ನೆಲ್ಲ ಕೊಂಕಣಿಯಲ್ಲಿ ಹೇಳುತ್ತ ಹೋದರು: “ಮೇಜ್... ಜನೆಲ್... ಸಾಬು...”

ಅತ್ತ ಕಡೆ ಗಹಗಹ ನಗು. “ನಮ್ಮದೇ ಮೇಜಾ, ಜೆಂಡೆಲಾ, ಸಾಬುನ್ ಪದಗಳ ಬಾಲ ಕತ್ತರಿಸಿ ಬೇರೆ ಭಾಷೆ ಅಂತೀರಾ! ಸಿಕ್ಕಿಬಿದ್ದಿರಿ ಚಿಕ್ಕಮ್ಮಾ! ಇಲ್ಲಿನ ಯಾವ ಸಂತೆಯಲ್ಲಿ ಕೂತು ಮಾತಾಡ್ತಿದ್ದೀರಿ? ಸ್ಟುಡಿಯೋಗೇ ಬಂದುಬಿಡಿ. ಮರಿ, ಮರಿ!”

ಅಷ್ಟೇ. ನಾಲ್ಕು ವರ್ಷದ ಸಿಟ್ಟು ಒಂಬತ್ತು ವರ್ಷದ ಕಲಿಕೆಯನ್ನು ದಾಟಿಕೊಂಡು ಬಂತು.

“ಹಾಂವ್ ಮರಿ ನ್ಹಯ್! ರೋಸಲಿಂಡ್!” ಎಂದು ಕೊಂಕಣಿಯಲ್ಲೇ ಗುಡುಗಿದರು. ಆಮೇಲೆ ನಾಲಿಗೆ ಕಚ್ಚಿಕೊಂಡು ಮಲಯದಲ್ಲಿ ಹೇಳಿದರು: “ತಪ್ಪಾಯ್ತು. ಹಿಂದೊಂದು ಮನೆಯಲ್ಲಿ ನನ್ನ ಹೆಸರು ಉದ್ದವಾಯ್ತು ಅಂತ ಮೇರಿ ಮಾಡಿದ್ದರು. ನಮ್ಮ ಭಾಷೆಯಲ್ಲಿ ಅದು ಮರಿ. ನೀವು ಬಾ ಅಂದರೂ ನನಗೆ ಹಾಗೇ ಕೇಳಿಸುತ್ತದೆ.”

ಬಾ ಎಂದರೆ ಸಿಟ್ಟಾಗುವ ಹೆಂಗಸು ಆ ತೀರದಲ್ಲಿ ಹುಟ್ಟಲು ಸಾಧ್ಯವಿಲ್ಲ ಎಂದು ಉದ್ಘೋಷಕನಿಗೆ ಗೊತ್ತಾಯಿತು. ಅವನ ದನಿಯಿಂದ ತುಂಟತನ ಹೋಯಿತು. “ಕ್ಷಮಿಸಿ. ಪೂರ್ತಿ ಹೆಸರು ಹೇಳಿ, ನಾನೇ ಓದುತ್ತೇನೆ.”

ಓದಿದ: ರೋಸಲಿಂಡ್ ಮಥಾಯಸ್, ತಂದೆ ಪಾಸ್ಕಲ್ ಮಥಾಯಸ್, ಹುಟ್ಟೂರು ಶಿರ್ವ, ಈಗ ಒಮಾನ್, ಕೆಲಸ ಅಡುಗೆ. ಒಂದಕ್ಷರ ಬಿಡಲಿಲ್ಲ. ನೊರ್ಮಾ ಚಪ್ಪಾಳೆ ತಟ್ಟಿದರು. ವಿಕ್ಟರ್ ಕನ್ನಡಕ ತೆಗೆದು, ಒರೆಸಬೇಕಾಗಿಲ್ಲದಿದ್ದರೂ ಒರೆಸಿದರು.

ಮುಂದಿನ ವಾರ ಇಗರ್ಜಿಯ ಅಂಗಳದಲ್ಲಿ ಒಬ್ಬರು ಕೇಳಿದರಂತೆ, “ವಿಕ್ಟರಾ, ನಿನ್ನ ಹೆಂಡತಿ ರೇಡಿಯೋದಲ್ಲಿ ಬಂದ್ಳಂತಲ್ಲ? ಯಾವ ಕಂಪೆನಿ ಅಂದದ್ದು ನೀನು?”

“ಕಂಪೆನಿ ಇಲ್ಲ, ಎಂತದೂ ಇಲ್ಲ. ಅಡುಗೆ,” ಎಂದು ವಿಕ್ಟರ್ ಫೋನು ತೆಗೆದು ರೆಕಾರ್ಡಿಂಗ್ ಹಾಕಿದರು. “ಮೊದಲು ಹೆಸರು ಕೇಳು. ಪೂರ್ತಿ ಕೇಳು.”